ಟರ್ಮಿನಲ್ ಪಟ್ಟಿಯ ಮೇಲಿನ ಮೂರು ಗೆರೆ

ನನ್ನ ತಮ್ಮ ತೀರಿಕೊಂಡ ಹದಿನೈದನೇ ದಿನ ಕಾಲೇಜಿನಲ್ಲಿ ಸಂತಾಪ ಸಭೆ ಇಟ್ಟುಕೊಂಡಿದ್ದರು. ಮುಂದಿನ ಸಾಲಿನಲ್ಲಿ ನನಗೊಂದು ಕುರ್ಚಿ ಹಾಕಿದ್ದರು. ವೇದಿಕೆಯ ಮೇಲೆ ಅವನ ಫೋಟೋ ಇತ್ತು. ಬಾಯಿ ಮುಚ್ಚುವಷ್ಟು ಸುಗಂಧರಾಜದ ಹಾರ ಹಾಕಿದ್ದರು. ಆ ಹೂವಿನ ವಾಸನೆ ಸೆಖೆಗೆ ಕೊಳೆತಂತೆ ಮೂಗಿಗೆ ಬಡಿಯುತ್ತಿತ್ತು. ಕಾಲೇಜು ಸಮಿತಿಯ ಕಾರ್ಯದರ್ಶಿ ಮೈಕಿನ ಮುಂದೆ ನಿಂತು ಹೇಳಿದರು:

“ಅವರ ಕೈಯಿಂದ ಹೊರಬಂದ ಒಂದೇ ಒಂದು ಯಂತ್ರ ಇವತ್ತಿನವರೆಗೂ ಕೆಟ್ಟಿಲ್ಲ. ಈ ಕಾಲೇಜಿಗೆ ಅವರು ಮೊದಲು ಕೊಟ್ಟ ಹದಿನಾರು ಪವರ್ ಪೆಟ್ಟಿಗೆಗಳೇ ಅದಕ್ಕೆ ಸಾಕ್ಷಿ.”

ಸುತ್ತ ಕೂತವರು ತಲೆದೂಗಿದರು.

ಆ ಹದಿನಾರೂ ಕೆಟ್ಟಿದ್ದವು. ಕೆಟ್ಟದ್ದನ್ನು ಎದುರಿಗೇ ನಿಂತು ನೋಡಿದವರು ಈ ಕಾರ್ಯದರ್ಶಿಯೇ. ಕೆಡಿಸಿದವಳು ನಾನು. ನನ್ನ ತಮ್ಮ ಜೀವನದಲ್ಲಿ ಮಾಡಿದ ಒಂದು ದೊಡ್ಡ ಕೆಲಸ ಅಂದರೆ ಆ ಕೆಟ್ಟದ್ದನ್ನು ಮುಚ್ಚಿಡದೆ ಇದ್ದದ್ದು. ಅದನ್ನೇ ಇವರು ಹಾರದ ಕೆಳಗೆ ಮುಚ್ಚುತ್ತಿದ್ದರು. ನಾನು ಓದಿದ್ದು ಲೋಯರ್ ಸೆಕೆಂಡರಿಯವರೆಗೆ. ಕಾಗದ ಬರೆಯುವುದು ಬಿಟ್ಟರೆ ಬೇರೆ ಬರೆದವಳಲ್ಲ. ಆದರೂ ಈ ಒಂದನ್ನು ಬರೆದಿಡಬೇಕು ಅನ್ನಿಸಿದೆ.

ರಾಜ್ಯ ಒಂದಾಗಿ ಎರಡೋ ಮೂರೋ ವರ್ಷವಾಗಿತ್ತು. ನಮ್ಮೂರ ದುರ್ಗಿಗುಡಿಯಲ್ಲಿ ತಮ್ಮನದು ಎರಡು ಕೋಣೆಯ ಜಾಗ. ಮುಂದಿನ ಕೋಣೆಯಲ್ಲಿ ರೇಡಿಯೋ ರಿಪೇರಿ, ಹಿಂದಿನದರಲ್ಲಿ ಟ್ರಾನ್ಸ್‌ಫಾರ್ಮರ್ ಸುತ್ತುವ ಕೆಲಸ. ಬೋರ್ಡಿನ ಮೇಲೆ ಮಾತ್ರ ಕಾರ್ಖಾನೆ ಎಂದು ಬರೆಸಿದ್ದ. ತಂತಿ ಸುತ್ತುವವನೊಬ್ಬ ಹೇಳದೆ ಕೇಳದೆ ಕೆಲಸ ಬಿಟ್ಟು ಹೋದಾಗ ಹೊಸಮನೆ ಬಡಾವಣೆಯ ನಮ್ಮ ಮನೆಗೆ ಬಂದು ಅಡುಗೆಮನೆ ಬಾಗಿಲಲ್ಲೇ ನಿಂತು ಕೇಳಿದ್ದ.

“ಅಕ್ಕಾ, ನೀನು ಬತ್ತಿ ಹೊಸೆಯೋದನ್ನ ಚಿಕ್ಕಂದಿನಿಂದ ನೋಡಿದೀನಿ. ಒಂದರ ಹಾಗೇ ಇನ್ನೊಂದು ಇರುತ್ತೆ. ನಂಗೆ ಆ ಕೈ ಬೇಕು.”

“ಹೋಗೋ ಮಾರಾಯ, ನಂಗೇನ್ ಗೊತ್ತು ನಿನ್ ಕರೆಂಟು.”

“ಕರೆಂಟ್ ನಾನು ನೋಡ್ಕೋತೀನಿ. ನೀನು ಸುತ್ತು ಎಣಿಸು ಸಾಕು.”

ನಮ್ಮ ಮನೆಯವರು ಬೇಡ ಅನ್ನಲಿಲ್ಲ. ಮಧ್ಯಾಹ್ನದ ಅಡುಗೆ ಮುಗಿಸಿ ದಿನಾ ಹೋಗತೊಡಗಿದೆ.

ನಮ್ಮೂರ ಕಾಲೇಜಿನಲ್ಲಿ ಆಗ ಬಿ.ಎಸ್ಸಿ. ತರಗತಿ ಇರಲಿಲ್ಲ. ಭೌತಶಾಸ್ತ್ರ ಓದಬೇಕೆಂದರೆ ಮೈಸೂರಿಗೋ ಬೆಂಗಳೂರಿಗೋ ಹೋಗಬೇಕು. ನನ್ನ ತಮ್ಮ ಇಂಟರ್‌ಮೀಡಿಯೆಟ್‌ನಲ್ಲಿ ಒಳ್ಳೆಯ ನಂಬರು ತೆಗೆದಿದ್ದ. ಅದೇ ವರ್ಷ ಅಪ್ಪ ಹಾಸಿಗೆ ಹಿಡಿದರು, ಅವನು ಊರಲ್ಲೇ ಉಳಿದ. ಅದಕ್ಕೇ ಇರಬೇಕು, ಪ್ರಯೋಗಶಾಲೆ ಇದ್ದರೆ ವಿಶ್ವವಿದ್ಯಾಲಯ ತರಗತಿ ಕೊಡುತ್ತದಂತೆ ಎಂದು ಕಾಲೇಜಿನ ಭೌತಶಾಸ್ತ್ರದ ಮೇಷ್ಟ್ರು ಒಂದು ದಿನ ರೇಡಿಯೋ ರಿಪೇರಿಗೆ ಬಂದಾಗ ಹೇಳಿದ್ದೇ ತಡ, “ಏನೇನು ಬೇಕು, ಬರೆದು ಕೊಡಿ” ಅಂದುಬಿಟ್ಟ. ದೀಪಾವಳಿ ಕಳೆದು ವಿಶ್ವವಿದ್ಯಾಲಯದವರು ನೋಡಲು ಬರುವವರಿದ್ದರು. ಅವರು ಸರಿ ಅಂದರೆ ಬರುವ ವರ್ಷ ತರಗತಿ. ಇಲ್ಲ ಅಂದರೆ ಮತ್ತೆ ಯಾವಾಗಲೋ.

ಮೇಷ್ಟ್ರ ಪಟ್ಟಿಯಲ್ಲಿ ಮುಖ್ಯವಾದದ್ದು ಹದಿನಾರು ಪವರ್ ಪೆಟ್ಟಿಗೆ. ಗೋಡೆಯ ಕರೆಂಟನ್ನು ಒಳಗೆ ತೆಗೆದುಕೊಂಡು ರೇಡಿಯೋ ವಾಲ್ವಿನ ಪ್ರಯೋಗಕ್ಕೆ ಬೇಕಾದ ಮುನ್ನೂರು ವೋಲ್ಟ್ ಹೊರಗೆ ಕೊಡುವ ಪೆಟ್ಟಿಗೆ ಅದು. ಅದರ ಹೊಟ್ಟೆಯೇ ಟ್ರಾನ್ಸ್‌ಫಾರ್ಮರು. ಹದಿನಾರನ್ನೂ ನಾನೇ ಸುತ್ತಿದೆ.

ಕೆಲಸ ಹೀಗೆ. ದಪ್ಪ ರಟ್ಟಿನ ಚೌಕಕ್ಕೆ ಕೂದಲಿನಷ್ಟು ತೆಳು ತಾಮ್ರದ ತಂತಿ. ಒಂದು ಕೈಯಲ್ಲಿ ಯಂತ್ರದ ಹಿಡಿ ತಿರುಗಿಸಬೇಕು, ಇನ್ನೊಂದು ಕೈಯ ಬೆರಳ ಸಂದಿಯಲ್ಲಿ ತಂತಿ ಬಿಗಿಯಾಗಿ ಹಾಯಬೇಕು. ಒಂದು ಪದರ ಮುಗಿದರೆ ಎಣ್ಣೆ ಕಾಗದ, ಅದರ ಮೇಲೆ ಇನ್ನೊಂದು ಪದರ. ಯಂತ್ರಕ್ಕೆ ಸೈಕಲ್ಲಿನ ಮೈಲಿ ಮೀಟರು ಕಟ್ಟಿದ್ದ, ಅದು ಸುತ್ತು ಎಣಿಸುತ್ತಿತ್ತು. ಅದನ್ನು ನಂಬದೆ ಬಾಯಲ್ಲೂ ಎಣಿಸಬೇಕು. ಎರಡು ಲೆಕ್ಕ ಹೊಂದದಿದ್ದರೆ ಪೂರ್ತಿ ಬಿಚ್ಚಬೇಕು, ಇದು ಅವನ ಕಟ್ಟಳೆ. ಸುತ್ತಿ ಮುಗಿದ ಮೇಲೆ ಬಿಸಿ ಮಾಡಿ, ವಾರ್ನಿಷಿನಲ್ಲಿ ಅದ್ದಿ, ಮತ್ತೆ ಒಣಗಿಸುವುದು. ತಂತಿಯ ತುದಿಗಳನ್ನೆಲ್ಲ ಹೊರಗೆ ತಂದು ಕರೆಂಟು ಹಾಯದ ಒಂದು ಕಂದು ಬಣ್ಣದ ಪಟ್ಟಿಯ ಹಿತ್ತಾಳೆ ಕಿವಿಗಳಿಗೆ ಬೆಸುಗೆ ಹಾಕುತ್ತಿದ್ದ. ಟರ್ಮಿನಲ್ ಪಟ್ಟಿ ಅನ್ನುತ್ತಿದ್ದ ಅದಕ್ಕೆ. ಮೂರು ಬೆರಳು ಅಗಲ, ನುಣ್ಣಗೆ ಬೋಳು ಹಣೆಯಂತೆ ಇರುತ್ತಿತ್ತು.

ಪೆಟ್ಟಿಗೆಗಳೆಲ್ಲ ಮುಗಿದವು. ಬಲ್ಬುಗಳನ್ನು ಜೋಡಿಸಿ ಒಂದೊಂದನ್ನೂ ಇಡೀ ದಿನ ಉರಿಸಿ ನೋಡಿದ. ಹದಿನಾರೂ ಸರಿ. ಆಮೇಲೆ ಬೂದು ಬಣ್ಣ ಹೊಡೆಸಿದ. ಅಷ್ಟರಲ್ಲಿ ಆಯುಧಪೂಜೆ ಬಂತು.

ನಮ್ಮ ಮನೆತನದಲ್ಲಿ ಆ ದಿನ ಕೆಲಸದ ಸಾಮಾನಿಗೆಲ್ಲ ವಿಭೂತಿ ಹಚ್ಚುವ ಪದ್ಧತಿ. ಒನಕೆ, ತಕ್ಕಡಿ, ಸೈಕಲ್ಲು, ತಮ್ಮನ ಬೆಸುಗೆ ಕಡ್ಡಿ, ಯಾವುದನ್ನೂ ಬಿಡುವುದಿಲ್ಲ. ನಾನು ವಿಭೂತಿ ತೇಯ್ದುಕೊಂಡು ಪೆಟ್ಟಿಗೆಗಳ ಹತ್ತಿರ ಹೋದಾಗ ಅವನು ತಡೆದ.

“ಅವುಕ್ಕೆ ಬೇಡ ಅಕ್ಕಾ. ಬಣ್ಣ ಇನ್ನೂ ಹಸಿ ಇದೆ, ಕಲೆ ಬೀಳುತ್ತೆ. ಒಂದು ಹೂ ಇಡು ಸಾಕು.”

ಹೂ ಇಟ್ಟೆ. ಅವನು ಕಾಯಿ, ಕುಂಬಳ ತರಲು ಪೇಟೆಗೆ ಹೋದ, ಬರಲು ಎರಡು ತಾಸಾದರೂ ಬೇಕು. ನನಗೆ ಸಮಾಧಾನವಾಗಲಿಲ್ಲ. ಊರ ಮಕ್ಕಳಿಗೆ ಕೊಡುವ ಸಾಮಾನು, ಬರೀ ಹಣೆಯಲ್ಲಿ ಕಳಿಸುವುದೇ? ಹಿಂದಿನ ಮುಚ್ಚಳದ ನಾಲ್ಕು ತಿರುಪು ಬಿಚ್ಚಿದೆ. ಒಳಗೆ ಕಂದು ಪಟ್ಟಿ ಕಂಡಿತು. ಅಲ್ಲಿ ಹಚ್ಚಿದರೆ ಬಣ್ಣಕ್ಕೂ ಕಲೆಯಿಲ್ಲ, ಕಣ್ಣಿಗೂ ಬೀಳುವುದಿಲ್ಲ. ಒದ್ದೆ ವಿಭೂತಿಯಲ್ಲಿ ಮೂರು ಬೆರಳದ್ದಿ ಈ ತುದಿಯಿಂದ ಆ ತುದಿಗೆ ಎಳೆದೆ. ಹಣೆಗೆ ಹಚ್ಚಿದ ಹಾಗೇ ಕೂತಿತು. ಹದಿನಾರಕ್ಕೂ ಹಚ್ಚಿ ಮುಚ್ಚಳ ಹಾಕಿದೆ. ಆ ಹೊತ್ತಿನಲ್ಲಿ ನನಗಾದ ಸಂತೋಷವನ್ನು ಈಗ ನೆನೆದರೂ ಮೈಮೇಲೆ ಹಲ್ಲಿ ಹರಿದಂತಾಗುತ್ತದೆ.

ವಿಜಯದಶಮಿಯ ದಿನ ಎತ್ತಿನ ಗಾಡಿಯಲ್ಲಿ ಪೆಟ್ಟಿಗೆಗಳು ಕಾಲೇಜಿಗೆ ಹೋದವು. ಮೇಷ್ಟ್ರು ಅಂದೇ ಮೇಜುಗಳ ಮೇಲೆ ಜೋಡಿಸಬೇಕೆಂದಿದ್ದರು. ಕಾರ್ಯದರ್ಶಿ ಬಿಡಲಿಲ್ಲ.

“ಉದ್ಘಾಟನೆ ಆಗದೆ ಮುಟ್ಟೋ ಹಾಗಿಲ್ಲ. ಹುಡುಗ್ರ ಕೈಗೆ ಕೊಟ್ರೆ ಒಂದೇ ವಾರದಲ್ಲಿ ಗುಜರಿ.”

“ಹುಡುಗ್ರಿಗೆ ಅಂತಾನೇ ಮಾಡಿದ್ದು” ಅಂದ ತಮ್ಮ.

“ಅದು ಸರಿ ಮಾರಾಯ್ರೇ. ಆದ್ರೂ ಮರ್ಯಾದೆ ಅಂತ ಒಂದಿದೆ. ನಾಮಫಲಕ ಬರಲಿ, ಸಮಿತಿಯೋರ ಹೆಸರೆಲ್ಲ ಹಾಕಿಸ್ತಿದೀನಿ.”

ಮಾತಾಡುತ್ತಲೇ ಅವರು ಪ್ರಯೋಗಶಾಲೆಯ ಹೊಸ ಬಿಳಿ ತೊಟ್ಟಿಗೆ ಎಲೆಯಡಿಕೆ ಉಗಿದರು. ಕೆಂಪು ರಸ ಅಂಚಿನಿಂದ ಕೆಳಗಿಳಿಯಿತು. ಮಕ್ಕಳು ಗಾಜಿನ ಪಾತ್ರೆ ತೊಳೆಯಲಿ ಎಂದು ತಮ್ಮನೇ ನಿಂತು ಹಾಕಿಸಿದ್ದ ತೊಟ್ಟಿ ಅದು. ಅವನು ನಲ್ಲಿ ತಿರುಗಿಸಿ, ಕೈಯಿಂದಲೇ ತಿಕ್ಕಿ ತೊಳೆದ. ಕಾರ್ಯದರ್ಶಿಗೆ ಅದರಿಂದ ನಾಚಿಕೆಯೂ ಆಗಲಿಲ್ಲ. ಪೆಟ್ಟಿಗೆಗಳನ್ನು ಹಿಂದಿನ ಉಗ್ರಾಣಕ್ಕೆ ಹಾಕಿ ಬೀಗ ಜಡಿಸಿದರು. ಆ ಉಗ್ರಾಣದ ಸೂರಿನಲ್ಲಿ ಬಾವಲಿಗಳಿದ್ದವು. ನೆಲದ ಮೇಲೆ ಅವುಗಳ ಹಿಕ್ಕೆ, ಗೋಡೆಯ ತುಂಬ ತೇವ. ಹಿಂಗಾರು ಮಳೆ ಆ ವರ್ಷ ಎರಡು ವಾರ ಬಿಡದೆ ಹೊಯ್ದಿತು.

ವಿಶ್ವವಿದ್ಯಾಲಯದವರು ಬರುವುದಕ್ಕೆ ಹನ್ನೊಂದು ದಿನ ಇರುವಾಗ ನಾಮಫಲಕ ಬಂತು. ಕಲ್ಲಿನ ಫಲಕ, ಪೆಟ್ಟಿಗೆಗಿಂತ ದೊಡ್ಡದು. ಆಗ ಬೀಗ ತೆಗೆದರು. ನಾನೂ ಹೋಗಿದ್ದೆ, ನನ್ನ ಕೈಯ ಕೆಲಸ ಉರಿಯುವುದನ್ನು ನೋಡುವ ಆಸೆ. ಮೇಷ್ಟ್ರು ಐದು ಪೆಟ್ಟಿಗೆಗಳನ್ನು ಮೇಜಿಗಿಟ್ಟು ಒಟ್ಟಿಗೆ ಸ್ವಿಚ್ ಹಾಕಿದರು. ಮೊದಲು ಕರಕರ ಸದ್ದು. ಒಂದು ಪೆಟ್ಟಿಗೆಯ ತೂತುಗಳಲ್ಲಿ ನೀಲಿ ಬೆಳಕು ಮಿಣುಕಿತು, ಹಿಂದೆಯೇ ಹೊಗೆ. ಆಮೇಲೆ ಇನ್ನೊಂದು, ಮತ್ತೊಂದು. ಮೇಷ್ಟ್ರು ಓಡಿಹೋಗಿ ಮೇನ್ ಆಫ್ ಮಾಡಿದರು. ಸುಟ್ಟ ವಾರ್ನಿಷಿನ ವಾಸನೆಗೆ ಸತ್ತ ಇಲಿಯ ಮೇಲೆ ಸಾಂಬ್ರಾಣಿ ಹಾಕಿದಂಥ ಒಂದು ಕಮಟು ಇರುತ್ತದೆ. ಸೀರೆಯ ಸೆರಗಿಗೆ ಹತ್ತಿದ ಆ ವಾಸನೆ ಎರಡು ಒಗೆತಕ್ಕೂ ಹೋಗಲಿಲ್ಲ.

ಐದರಲ್ಲಿ ಮೂರು ಸುಟ್ಟಿದ್ದವು. ಉಳಿದೆರಡು ಉರಿಯುತ್ತಿದ್ದರೂ ವೋಲ್ಟ್ ಮೀಟರಿನ ಮುಳ್ಳು ಅಲುಗಾಡುತ್ತಿತ್ತು. ಮುಖದ ಬೆವರೂ ಒರೆಸದೆ ತಮ್ಮ ನಿಂತಿದ್ದ. ಕಾರ್ಯದರ್ಶಿ ಕಿಟಕಿ ತೆಗೆದು ಹೊರಗೆ ಉಗಿದು ಬಂದು, ಅವನ ಹೆಗಲ ಮೇಲೆ ಕೈ ಹಾಕಿದರು.

“ಹೆದರ್ಕೋಬೇಡಿ ಯಜಮಾನ್ರೇ. ಬರೋರು ನೋಡೋಕೆ ಬರ್ತಾರೆ, ಮುಟ್ಟೋಕೆ ಬರಲ್ಲ. ಬಣ್ಣ ಚೆನ್ನಾಗಿದೆ, ಮೇಜಿನ ಮೇಲೆ ಸಾಲಾಗಿ ಇಡೋಣ. ಅವತ್ತು ಕರೆಂಟ್ ಇಲ್ಲ ಅಂದ್ರೆ ಮುಗೀತು. ನಮ್ಮೂರಲ್ಲಿ ಕರೆಂಟ್ ಹೋಗೋದೇನು ಹೊಸದಾ?”

“ತರಗತಿ ಶುರುವಾದ್ಮೇಲೆ?” ಅಂದ ತಮ್ಮ.

“ಅದು ಆಮೇಲಿನ ಮಾತು. ಮೊದಲು ಮಂಜೂರಾತಿ ಕಾಗದ ಬರಲಿ.”

ಆ ಕೈ ಅವನ ಹೆಗಲ ಮೇಲೆ ಇನ್ನೂ ಇತ್ತು. ಬೆರಳ ತುದಿಗಳಲ್ಲಿ ಸುಣ್ಣ ಒಣಗಿತ್ತು. ಎತ್ತಿ ಎಸೆಯಬೇಕು ಅನ್ನಿಸಿತು ನನಗೆ. ತಮ್ಮ ಮಾತ್ರ ಮೆಲ್ಲಗೆ ಸರಿದು, ಮೂರು ಸುಟ್ಟ ಪೆಟ್ಟಿಗೆಗಳನ್ನು ಜಟಕಾಕ್ಕೆ ಹಾಕಿಸಿದ. ಸುಡದ ಒಂದನ್ನೂ ಜೊತೆಗೆ ತಂದ.

ಮರುದಿನ ಬೆಳಿಗ್ಗೆ ನಾನು ಅಡುಗೆ ಬಿಟ್ಟು ಹೋದೆ. ತಪ್ಪು ನನ್ನ ಸುತ್ತಿನಲ್ಲೇ ಇರಬೇಕೆಂದು ನನಗೆ ಖಾತ್ರಿಯಾಗಿತ್ತು. ಅವನು ಹಾಗೆ ಅನ್ನಲಿಲ್ಲ. ಅನ್ನದೆ ಇದ್ದದ್ದೇ ಕಷ್ಟವಾಯಿತು. ಸುಟ್ಟ ಒಂದು ಟ್ರಾನ್ಸ್‌ಫಾರ್ಮರಿನ ತಗಡುಗಳನ್ನು ಸುತ್ತಿಗೆಯಿಂದ ತಟ್ಟಿ ತಟ್ಟಿ ತೆಗೆದೆವು. ನಾನು ಸುತ್ತನ್ನು ಕೊನೆಯಿಂದ ಮೊದಲಿಗೆ ಎಣಿಸುತ್ತ ಬಿಚ್ಚಿದೆ. ಹೊರಗಿನ ಪದರ ಕರಿಯ ಜಿಗಟು. ಒಳಗೊಳಗೆ ಹೋದ ಹಾಗೆ ತಂತಿ ಹೊಸದರಂತೆ ಹೊಳೆಯುತ್ತಿತ್ತು. ಎಣಿಕೆ ಒಂದೂ ತಪ್ಪಿರಲಿಲ್ಲ.

“ಸುತ್ತು ಸರಿ ಇದೆ” ಅಂದ ಅವನು. “ಎಣ್ಣೆ ಕಾಗದ ಇರಬೇಕು. ಇಲ್ಲ ವಾರ್ನಿಷ್.”

ಎರಡು ದಿನ ಕಾಗದ ಪರೀಕ್ಷೆ ಮಾಡಿದ, ವಾರ್ನಿಷು ಪರೀಕ್ಷೆ ಮಾಡಿದ. ಸುಡದ ಪೆಟ್ಟಿಗೆಯ ಮುಚ್ಚಳ ತೆಗೆದು ಗಂಟೆಗಟ್ಟಲೆ ನೋಡಿದ. ನನ್ನ ಮೂರು ಗೆರೆ ಅವನ ಕಣ್ಣೆದುರೇ ಇತ್ತು. ಅವನು ಅದನ್ನು ಕಂಡ, ಆದರೆ ಕಾಣಲಿಲ್ಲ. ದಿನಾ ಅಪ್ಪನ ಹಣೆಯಲ್ಲಿ, ತನ್ನ ಹಣೆಯಲ್ಲಿ, ನನ್ನ ಹಣೆಯಲ್ಲಿ ನೋಡುವುದನ್ನು ಯಾರು ದೋಷ ಎಂದು ಎಣಿಸುತ್ತಾರೆ? ನನಗಂತೂ ಅದು ಹೊಳೆಯಲೇ ಇಲ್ಲ.

ಮೂರನೇ ದಿನ ಭದ್ರಾವತಿಗೆ ಹೊರಟ. ಅಲ್ಲಿ ಕಬ್ಬಿಣದ ಕಾರ್ಖಾನೆಯಿಂದ ನಿವೃತ್ತಿಯಾದ ಮೇಸ್ತ್ರಿಯೊಬ್ಬರು ಮನೆಯ ಮುಂಭಾಗದಲ್ಲೇ ಮೋಟಾರು ಸುತ್ತುವ ಅಂಗಡಿ ಇಟ್ಟಿದ್ದರು. ತಮಿಳಿನ ಕ್ರೈಸ್ತರು. ತಮ್ಮ ಅವರನ್ನು ಗುರು ಅನ್ನುತ್ತಿದ್ದ. “ನಾನೂ ಬರ್ತೀನಿ” ಅಂದೆ. ರೈಲಿನಲ್ಲಿ ಸುಟ್ಟ ಒಂದನ್ನು ಅವನು, ಸುಡದ ಒಂದನ್ನು ನಾನು ತೊಡೆಯ ಮೇಲಿಟ್ಟುಕೊಂಡು ಕೂತೆವು.

ಮೇಸ್ತ್ರಿ ನಮಗೆ ಮೊದಲು ಟೀ ಕೊಟ್ಟರು. ಆಮೇಲೆ ಮೆಗ್ಗರ್ ಅನ್ನುವ ಮರದ ಪೆಟ್ಟಿಗೆ ತೆಗೆದರು. ಅದರ ಪಕ್ಕದ ಹಿಡಿ ತಿರುಗಿಸಿದರೆ ಒಳಗೆ ಐನೂರು ವೋಲ್ಟ್ ಹುಟ್ಟುತ್ತದೆ. ಕರೆಂಟು ಎಲ್ಲಾದರೂ ಸೋರುತ್ತಿದ್ದರೆ ಮುಳ್ಳು ಕೆಳಗೆ ಬೀಳುತ್ತದೆ. ಸುಡದ ಪೆಟ್ಟಿಗೆಗೆ ಹಚ್ಚಿ ತಿರುಗಿಸಿದರು. ಮುಳ್ಳು ಬಿತ್ತು.

“ಕಾಯಿಲ್ ಹೋಗಿದೆ ಅಲ್ವಾ ಗುರುಗಳೇ?”

“ಇರಿ ಸಾರ್. ಅವಸರ ಮಾಡಬ್ಯಾಡಿ.”

ಪಟ್ಟಿಯಿಂದ ತಂತಿಗಳನ್ನು ಒಂದೊಂದಾಗಿ ಬೆಸುಗೆ ಬಿಡಿಸಿದರು. ಕಾಯಿಲಿಗೆ, ಅಂದರೆ ತಂತಿಯ ಸುರುಳಿಗೆ ಮಾತ್ರ ಹಚ್ಚಿ ತಿರುಗಿಸಿದರು. ಮುಳ್ಳು ಮೇಲೆ ಹೋಗಿ ನಿಂತಿತು. “ಕಾಯಿಲ್ ಫಸ್ಟ್ ಕ್ಲಾಸ್. ಯಾರು ಸುತ್ತಿದ್ದು?” ನನ್ನನ್ನು ತಮ್ಮ ತೋರಿಸಿದ. ಮೇಸ್ತ್ರಿ ಕೈ ಮುಗಿದರು. ನನಗೆ ಆ ಕ್ಷಣ ಎಷ್ಟು ಹೆಮ್ಮೆಯಾಯಿತೆಂದರೆ! ಆಮೇಲೆ ಅವರು ಬರೀ ಪಟ್ಟಿಯ ಎರಡು ಕಿವಿಗಳಿಗೆ ಹಚ್ಚಿ ತಿರುಗಿಸಿದರು. ತಂತಿಯೇ ಇಲ್ಲದ ಪಟ್ಟಿ. ಮುಳ್ಳು ದೊಪ್ಪನೆ ಬಿತ್ತು.

ಚಾಕುವಿನ ತುದಿಯಿಂದ ಅವರು ಬಿಳಿ ಗೆರೆ ಕೆರೆದರು.

“ಇದೇನು ಸಾರ್, ಬಿಳೀದು?”

ತಮ್ಮ ಬಗ್ಗಿ ನೋಡಿದ. “ವಿಭೂತಿ” ಅಂದ.

“ವಿಭೂತಿ ಅಂದ್ರೆ ಬೂದಿ ತಾನೇ? ಬೂದಿ ಒಳಗೆ ಉಪ್ಪಿರ್ತದೆ ಸಾರ್. ಅಮ್ಮಾ, ನೀವು ಬೂದೀಲಿ ಪಾತ್ರೆ ತಿಕ್ತೀರಲ್ಲ, ಕೈ ಉರಿಯಲ್ವಾ? ಮಳೆಗಾಲದಲ್ಲಿ ಬೂದಿ ಒದ್ದೆ ಆಗಲ್ವಾ? ಅದೇ ಇದು. ಒಣಗಿದ್ರೆ ಸುಮ್ನೆ ಇರ್ತದೆ. ತೇವ ಕುಡೀತು ಅಂದ್ರೆ ತಂತಿ ಎಳೆದಂಗೆ, ಕರೆಂಟು ಹಾಯ್ತದೆ.” ಆಮೇಲೆ ನಗುತ್ತ ಅಂದರು: “ನಮ್ಮೋರು ಮೇಣದಬತ್ತಿ ಹಚ್ತಾರೆ ಸಾರ್. ಆದ್ರೂ ಪೆಟ್ಟಿಗೆ ಒಳಗೆ ಹಚ್ಚಲ್ಲ!”

ಅವರ ನಗುವಿಗೆ ನಾವು ನಗಲಿಲ್ಲ. ಅವರಿಗೂ ಅದು ತಿಳಿಯಿತು. ಸುಮ್ಮನೆ ಸ್ಪಿರಿಟ್ಟಿನಲ್ಲಿ ಬಟ್ಟೆಯದ್ದಿ ಪಟ್ಟಿ ಒರೆಸಿ, ಮತ್ತೆ ಹಿಡಿ ತಿರುಗಿಸಿದರು. ಮುಳ್ಳು ಮೇಲೇರಿತು, ಆದರೆ ಪೂರ್ತಿ ಏರಲಿಲ್ಲ.

ತಮ್ಮ ನನ್ನ ಹಣೆ ನೋಡಿದ. “ಎಷ್ಟಕ್ಕೆ ಹಚ್ಚಿದೆ ಅಕ್ಕಾ?”

“ಎಲ್ಲದಕ್ಕೂ.”

ಮಳೆಗಾಲದಲ್ಲಿ ನಮ್ಮನೆ ಗೂಡಿನಲ್ಲಿಟ್ಟ ವಿಭೂತಿ ಗಟ್ಟಿ ಜಿಗುಟಾಗುವುದು ನನಗೆ ಗೊತ್ತಿತ್ತು. ಬೂದಿಯಲ್ಲಿ ಪಾತ್ರೆ ತಿಕ್ಕಿ ಬೆರಳ ಸಂದಿ ಬಿರಿದದ್ದೂ ಗೊತ್ತಿತ್ತು. ಇಷ್ಟು ಗೊತ್ತಿದ್ದೂ, ಬೇಡ ಅಂದದ್ದನ್ನು ಕದ್ದು ಮಾಡಿದ್ದೆ. ನನ್ನ ಮೂರು ಬೆರಳುಗಳನ್ನು ಸೆರಗಿನಲ್ಲಿ ಮುಚ್ಚಿಕೊಂಡೆ. ಅವು ನನ್ನವಲ್ಲ, ಯಾವುದೋ ಹುಳ ಅನ್ನಿಸುವಷ್ಟು ಅಸಹ್ಯವಾಯಿತು.

ವಾಪಸು ರೈಲಿನಲ್ಲಿ ಊರು ಹತ್ತಿರವಾದಾಗ ಅವನೇ ಅಂದ:

“ಒರೆಸಿದ್ರೆ ಸಾಕಾ ಅಂತ ಯೋಚಿಸ್ತಿದ್ದೆ. ಸಾಲ್ದು. ಪಟ್ಟಿ ಅಂಚಿನಲ್ಲಿ ಉಪ್ಪು ಕುಡಿದಿರುತ್ತೆ. ಮುಂದಿನ ಮಳೆಗಾಲಕ್ಕೆ ಯಾವ್ದಾದ್ರೂ ಹುಡುಗನ ಕೈ ಸುಡುತ್ತೆ. ಹದಿನಾರಕ್ಕೂ ಹೊಸ ಪಟ್ಟಿ ಹಾಕೋಣ. ಸುಟ್ಟ ಮೂರನ್ನ ನೀನು ಮತ್ತೆ ಸುತ್ತು.”

“ಎಂಟೇ ದಿನ ಇದೆ ಮಾರಾಯ.”

“ಹ್ಞೂಂ. ಮತ್ತೆ, ಬಂದೋರಿಗೆ ಇವು ಕೆಟ್ಟಿದ್ವು ಅಂತ ಹೇಳ್ತೀನಿ.”

“ಅವ್ರು ಕೇಳದೇ ಇದ್ರೆ?”

“ಕೇಳದೇ ಇದ್ರೂ. ಪ್ರಯೋಗಶಾಲೆ ಅಲ್ವಾ ಅಕ್ಕಾ ಅದು. ಅಲ್ಲಿಗೆ ಮೊದಲ್ನೇ ದಿನಾನೇ ಸುಳ್ಳು ಕೊಡ್ಲಾ?”

ಉಳಿದ ಪೆಟ್ಟಿಗೆಗಳನ್ನು ತರಲು ಹೋದರೆ ಕಾರ್ಯದರ್ಶಿ ಅಡ್ಡ ನಿಂತರಂತೆ. “ದಾನ ಕೊಟ್ಟದ್ದನ್ನ ವಾಪಸ್ ತಗೊಂಡು ಹೋಗೋರನ್ನ ಇವತ್ತೇ ನೋಡಿದ್ದು” ಅಂದರಂತೆ. ಮೇಷ್ಟ್ರೇ ಬೀಗ ತೆಗೆದು ಕೊಟ್ಟರು.

ಆ ಎಂಟು ದಿನ ಬೆಳಕು ಹರಿಯುವ ಮುಂಚೆಯೇ ಕೂತು ಕೆಲಸ ಮಾಡಿದೆವು. ಅವನು ಹೊಸ ಕಂದು ಹಾಳೆ ಕತ್ತರಿಸಿ, ತೂತು ಕೊರೆದು, ಕಿವಿ ಬಡಿದು ಪಟ್ಟಿ ಮಾಡುತ್ತಿದ್ದ. ನಾನು ಮೂರು ಸುತ್ತಿ ಮುಗಿಸಿ, ಪಟ್ಟಿಗಳಿಗೆ ವಾರ್ನಿಷು ಬಳಿಯುವ ಕೆಲಸ ತೆಗೆದುಕೊಂಡೆ. ಅಲ್ಲೂ ಎಡವಿದೆ. ಅವಸರದಲ್ಲಿ ಕಿವಿಗಳಿಗೂ ಸೇರಿಸಿ ಬಳಿದುಬಿಟ್ಟೆ. ವಾರ್ನಿಷಿನ ಮೇಲೆ ಬೆಸುಗೆ ಹಿಡಿಯುವುದಿಲ್ಲ. ನೂರಿಪ್ಪತ್ತೆಂಟು ಕಿವಿಗಳನ್ನು ಬ್ಲೇಡಿನಿಂದ ಕೆರೆದು ಹಿತ್ತಾಳೆ ಹೊಳೆಯಿಸಲು ಒಂದೂವರೆ ದಿನ ಹಿಡಿಯಿತು. ತಮ್ಮ ಬೈಯಲಿಲ್ಲ. “ಬೈಯಾದ್ರೂ ಬೈಯೋ” ಅಂದೆ. “ಟೈಮಿಲ್ಲ ಅಕ್ಕಾ” ಅಂದ. ಅಷ್ಟು ದಿನದಲ್ಲಿ ಇಬ್ಬರೂ ನಕ್ಕದ್ದು ಆಗ ಮಾತ್ರ.

ಕೊನೆಗೆ ಭದ್ರಾವತಿಯ ಮೇಸ್ತ್ರಿ ಮೆಗ್ಗರ್ ಹೊತ್ತುಕೊಂಡು ತಾವೇ ಬಂದರು. ಪೆಟ್ಟಿಗೆಗಳಿಗೆ ಒದ್ದೆ ಗೋಣಿಚೀಲ ಸುತ್ತಿ ಒಂದು ದಿನ ಇಟ್ಟು, ಒಂದೊಂದಕ್ಕೂ ಹಿಡಿ ತಿರುಗಿಸಿದರು. ಹದಿನಾರು ಸಲವೂ ಮುಳ್ಳು ಮೇಲೆಯೇ ನಿಂತಿತು.

ಪೆಟ್ಟಿಗೆಗಳನ್ನು ಮತ್ತೆ ಕಾಲೇಜಿನ ಮೇಜುಗಳ ಮೇಲೆ ಜೋಡಿಸಿದೆವು. ಗೊತ್ತಾದ ದಿನ ಬೆಳಿಗ್ಗೆ ಹತ್ತಕ್ಕೆ ವಿಶ್ವವಿದ್ಯಾಲಯದಿಂದ ಮೂವರು ಬಂದರು. ನಾನು ಕಾಫಿ ಕೊಡುವ ನೆಪದಲ್ಲಿ ಬಾಗಿಲ ಪಕ್ಕ ನಿಂತಿದ್ದೆ. ಮೇಷ್ಟ್ರು ಸ್ವಿಚ್ ಹಾಕಿದರು. ಏನೂ ಹೊತ್ತಲಿಲ್ಲ. ಕಾರ್ಯದರ್ಶಿ ತಕ್ಷಣ, “ನೋಡಿ ನಮ್ಮೂರ ಹಣೇಬರಹ, ಇವತ್ತೇ ಕರೆಂಟ್ ಹೋಗ್ಬೇಕಾ” ಅಂದರು. ಪೆಟ್ಟಿಗೆ ಸರಿಯಾಗಿದೆ ಎಂದು ತಮ್ಮ ಎಷ್ಟು ಹೇಳಿದ್ದರೂ ಅವರು ನಂಬಿರಲಿಲ್ಲ.

ಆದರೆ ಹೊರಗಿನ ಪಡಸಾಲೆಯಲ್ಲಿ ದೀಪ ಉರಿಯುತ್ತಿತ್ತು. ತಮ್ಮ ಅದನ್ನು ನೋಡಿದ. ಗೋಡೆಯ ಮೇಲಿನ ಫ್ಯೂಸ್ ಬೋರ್ಡಿನ ಮುಚ್ಚಳ ತೆಗೆದ. ಫ್ಯೂಸಿರುವ ಜಾಗ ಖಾಲಿ. ನೇರ ಕಾರ್ಯದರ್ಶಿಯ ಮುಂದೆ ಹೋಗಿ ಅಂಗೈ ಚಾಚಿದ. ಅವರ ಬಾಯಿ ತುಂಬ ಎಲೆಯಡಿಕೆ, ಮಾತಾಡುವಂತಿಲ್ಲ. ಅಂಗೈ ಹಾಗೇ ಇತ್ತು. ಕೋಟಿನ ಜೇಬಿನಿಂದ ಪಿಂಗಾಣಿ ಫ್ಯೂಸು ಹೊರಬಂತು. ಅದರ ಮೇಲೂ ಒಂದು ಕೆಂಪು ಕಲೆ. ತಮ್ಮ ಅದನ್ನು ಪಂಚೆಯಂಚಿಗೆ ಒರೆಸಿ ಬೋರ್ಡಿಗೆ ಒತ್ತಿದ. ಹದಿನಾರು ಪೆಟ್ಟಿಗೆಗಳ ಕೆಂಪು ದೀಪಗಳು ಒಟ್ಟಿಗೆ ಹೊತ್ತಿದವು.

ಬಂದವರಲ್ಲಿ ಹಿರಿಯರೊಬ್ಬರು ಮೇಜಿಂದ ಮೇಜಿಗೆ ಹೋಗಿ ಮುಳ್ಳು ನೋಡಿದರು. ಕೊನೆಯ ಮೇಜಿನ ಮೇಲೆ ಸುಟ್ಟ ಪಟ್ಟಿಯೊಂದನ್ನು ತಮ್ಮ ಇಟ್ಟಿದ್ದ, ಪಕ್ಕದಲ್ಲಿ ಸುಡದ ಹಳೆಯ ಪಟ್ಟಿ.

“ಇದೇನು?”

ತಮ್ಮ ಎಲ್ಲ ಹೇಳಿದ. ಪೂಜೆ, ಮಳೆ, ಹೊಗೆ, ಮೆಗ್ಗರ್, ಯಾವುದನ್ನೂ ಬಿಡಲಿಲ್ಲ. ಹಿರಿಯರು ಪಟ್ಟಿಯನ್ನು ಬೆಳಕಿಗೆ ಹಿಡಿದರು. “ಯಾರು ಹಚ್ಚಿದ್ದು?”

ನಾನು ಎಂದು ಒಂದು ಮಾತು ಹೇಳಿದ್ದರೆ ಆಗುತ್ತಿತ್ತು. ಅಷ್ಟು ಜನ ಗಂಡಸರು, ಕೋಟು ಹಾಕಿದವರು. ನನ್ನ ನಾಲಗೆ ಏಳಲಿಲ್ಲ.

“ತಪ್ಪು ನಂದು ಸಾರ್” ಅಂದ ತಮ್ಮ. “ಕೊನೇ ಪರೀಕ್ಷೆ ಪೂಜೆ ಆದ್ಮೇಲೆ ಮಾಡಬೇಕಿತ್ತು. ನಾನು ಮೊದಲೇ ಮಾಡಿಬಿಟ್ಟೆ.”

ಹಿರಿಯರು ಮೇಷ್ಟ್ರ ಕಡೆ ತಿರುಗಿ, “ಈ ಪಟ್ಟಿ ಎಸೀಬೇಡಿ, ಹುಡುಗರಿಗೆ ತೋರಿಸಿ” ಅಂದರು. ಬೇಸಿಗೆಯಲ್ಲಿ ಮಂಜೂರಾತಿ ಬಂತು.

ಆಮೇಲೆ ತಮ್ಮನ ಕೆಲಸ ಬೆಳೆಯಿತು. ಸವಳಂಗ ರಸ್ತೆಯಲ್ಲಿ ದೊಡ್ಡ ಶೆಡ್ಡಾಯಿತು, ವಿಶ್ವವಿದ್ಯಾಲಯಕ್ಕೆ ಒಂದು ಇಡೀ ಪ್ರಯೋಗಶಾಲೆಯ ಕಟ್ಟಡ ಕಟ್ಟಿಸಿಕೊಟ್ಟ. ಅದೆಲ್ಲ ಪೇಪರಿನಲ್ಲಿ ಬಂದಿದೆ. ಬಾರದೆ ಇದ್ದದ್ದು ಇದು: ಆ ಶೆಡ್ಡಿನಲ್ಲಿ ಪ್ರತಿ ವರ್ಷ ಆಯುಧಪೂಜೆಯ ಮರುದಿನ ಸಿದ್ಧವಾದ ಮಾಲನ್ನೆಲ್ಲ ಮುಚ್ಚಳ ಬಿಚ್ಚಿ ಮತ್ತೆ ಪರೀಕ್ಷೆ ಮಾಡುತ್ತಾರೆ. ಯಾಕೆ ಅಂತ ಕೆಲಸದವರಿಗೆ ಗೊತ್ತಿಲ್ಲ. ವಿಭೂತಿ ಹಚ್ಚಿದ್ದು ಯಾರು ಅಂತ ಅವನು ಕೊನೆಯವರೆಗೂ ಯಾರಿಗೂ ಹೇಳಲಿಲ್ಲ. ನನ್ನನ್ನು ಕಾಪಾಡಿದ. ಆ ಕಾಪಾಡುವಿಕೆಯ ಕೆಳಗೆ ನಾನು ಇಷ್ಟು ವರ್ಷ ಹಾಯಾಗಿ ಕೂತಿದ್ದೆ ಅನ್ನುವುದೇ ನನಗೆ ಈಗ ಎಲ್ಲಕ್ಕಿಂತ ಹೇಸಿಗೆ.

ಸಂತಾಪ ಸಭೆ ಮುಗಿದ ಮೇಲೆ ಎಲ್ಲರೂ ಪ್ರಯೋಗಶಾಲೆಗೆ ಹೋದರು. ಹಳೆಯ ಪೆಟ್ಟಿಗೆಗಳಲ್ಲೊಂದನ್ನು ಮೇಜಿನ ಮೇಲಿಟ್ಟು ಹೂ ಏರಿಸಿದ್ದರು. ಮುಂದುಗಡೆ ಕೆಂಪು ದೀಪ ಉರಿಯುತ್ತಿತ್ತು. ಯಾರೋ ಭಕ್ತಿಯಿಂದ ಅದರ ತಲೆಯ ಮೇಲೆ ಒದ್ದೆ ವಿಭೂತಿ ಮೆತ್ತಿದ್ದರು, ಮೂರು ದಪ್ಪ ಗೆರೆ. ಗಾಳಿಯಾಡುವ ತೂತುಗಳ ಅಂಚಿನಲ್ಲಿ ಬಿಳಿ ನೀರು ಮೆಲ್ಲಗೆ ಒಳಗಿಳಿಯುತ್ತಿತ್ತು.

ನಾನು ಹೋಗಿ ಸ್ವಿಚ್ ಆರಿಸಿದೆ. ಹೂ ಎತ್ತಿ ಪಕ್ಕಕ್ಕಿಟ್ಟೆ.

“ಅಮ್ಮಾ, ಮುಟ್ಟಬೇಡಿ, ಪೂಜೆ ಮಾಡಿರೋದು” ಅಂದ ಅಟೆಂಡರು.

“ಗೊತ್ತಪ್ಪ. ತಿರುಪುಳಿ ಕೊಡು. ಸ್ಪಿರಿಟ್ ಇದ್ರೆ ಅದನ್ನೂ ತಾ.”

ಅವನು ಮೇಷ್ಟ್ರ ಮುಖ ನೋಡಿದ. ಮೇಷ್ಟ್ರಿಗೆ ಈಗ ಕೂದಲು ನರೆತಿದೆ. ಅವರು ಕೊಡು ಎಂದು ತಲೆಯಾಡಿಸಿದರು. ನಾಲ್ಕು ತಿರುಪು ಬಿಚ್ಚಿದೆ. ತಮ್ಮ ಕೂರಿಸಿದ ಪಟ್ಟಿ, ಕಿವಿಗಳ ಸುತ್ತ ನನ್ನ ಬ್ಲೇಡಿನ ಗೀರು ಹಾಗೇ ಇದ್ದವು. ಒಂದು ಹನಿ ಅದರ ಅಂಚಿನವರೆಗೆ ಬಂದಿತ್ತು, ಮುಟ್ಟಿರಲಿಲ್ಲ.

ಕಾರ್ಯದರ್ಶಿ ಹಿಂದಿನಿಂದ ಬಂದರು. “ಏನಾಯ್ತು ತಾಯೀ? ಅದು ಯಾವತ್ತೂ ಕೆಟ್ಟಿದ್ದೇ ಇಲ್ಲ.”

ಸುತ್ತ ಕಾಲೇಜಿನ ಮಕ್ಕಳು ನಿಂತಿದ್ದರು. ನಾನು ಬಟ್ಟೆಯನ್ನು ಸ್ಪಿರಿಟ್ಟಿನಲ್ಲಿ ಅದ್ದುತ್ತ, ಎಲ್ಲರಿಗೂ ಕೇಳುವ ಹಾಗೆ ಹೇಳಿದೆ:

“ಕೆಟ್ಟಿತ್ತು. ಹದಿನಾರೂ ಕೆಟ್ಟಿದ್ವು. ವಿಭೂತಿ ಹಚ್ಚಿ ಕೆಡಿಸಿದೋಳು ನಾನು.”

ಆಮೇಲೆ ಪಟ್ಟಿ ಒರೆಸತೊಡಗಿದೆ.